ಹೇಳಬಾರದ ಕೊನೆಯ ಮಾತು

ನವೆಂಬರ್ 5, 1956. ಸೋಮವಾರ

ಹೆದರಿಕೆಯಾಗುತ್ತಿದೆ. ಹೇಳಿಕೊಳ್ಳಲು ಒಬ್ಬರೂ ಇಲ್ಲ, ಅದಕ್ಕೇ ಈ ನೋಟುಬುಕ್ಕು. ನಟಿಯೊಬ್ಬಳು ತನಗೆ ಹೆದರಿಕೆ ಎಂದು ಬಾಯಿಬಿಟ್ಟರೆ ಮರುದಿನ ಬೆಳಿಗ್ಗೆ ಅವಳ ಕುರ್ಚಿಯಲ್ಲಿ ಇನ್ನೊಬ್ಬಳು ಕೂತಿರುತ್ತಾಳೆ.

ತಾಲೀಮು ಇವತ್ತು ಶುರುವಾಯಿತು. ಹ್ಯಾಮರ್‌ಸ್ಮಿತ್‌ನ ಒಂದು ಚರ್ಚಿನ ಹಿಂದಿನ ಹಾಲ್. ನೆಲದ ಮೇಲೆ ಬಣ್ಣದ ಪಟ್ಟಿ ಅಂಟಿಸಿ ಮನೆ ಕಟ್ಟಿದ್ದಾರೆ: ಕೆಂಪು ಪಟ್ಟಿ ಗೋಡೆ, ಹಳದಿ ಪಟ್ಟಿ ಬಾಗಿಲು. ಬೆಳಗ್ಗೆಯಿಂದ ನಾನು ಮೂರು ಸಲ ಗೋಡೆಯೊಳಗಿಂದ ನಡೆದುಹೋದೆ. ನಿರ್ದೇಶಕ ನೈಜೆಲ್ ಹಾರ್ಬಿನ್‌ಗೆ ಇನ್ನೂ ಇಪ್ಪತ್ತೊಂಬತ್ತು. ಕೊರಳಲ್ಲಿ ಸ್ಟಾಪ್‌ವಾಚು ತೂಗುಬಿಟ್ಟುಕೊಂಡಿರುತ್ತಾನೆ. "ಮಿಸ್ ಪ್ರೋಬರ್ಟ್, ನೀವೇನು ದೆವ್ವಾನಾ?" ಎಂದ. ಎಲ್ಲರೂ ನಕ್ಕರು. ನಾನೂ ನಕ್ಕೆ, ಸ್ವಲ್ಪ ಹೆಚ್ಚೇ ನಕ್ಕೆ.

ಹದಿನೇಳು ವರ್ಷ ವಾರಕ್ಕೊಂದು ನಾಟಕದ ಕಂಪನಿಗಳಲ್ಲಿ ಊರೂರು ಅಲೆದವಳು ನಾನು. ಸಿನಿಮಾದಲ್ಲಿ ಒಂದೇ ಸಲ, ತಟ್ಟೆ ಹಿಡಿದ ಕೆಲಸದವಳಾಗಿ "ಊಟ ತಯಾರಿದೆ, ಅಮ್ಮಾವ್ರೇ" ಎಂದಿದ್ದೆ. ಟೆಲಿವಿಷನ್ನಿನಲ್ಲಿ ಎರಡು ನರ್ಸು, ಒಂದು ಹೆಣ. ಈಗ ನಲವತ್ತೊಂದನೇ ವಯಸ್ಸಿನಲ್ಲಿ ಮುಖ್ಯ ಪಾತ್ರ ಸಿಕ್ಕಿದೆ. ಇದಕ್ಕೆ ಆರಿಸಿದ್ದವಳಿಗೆ ಕಾಮಾಲೆಯಾಯಿತು, ನಾನು ಬಂದೆ.

ಕಥೆ ಇಷ್ಟೇ. ಹಡಗಿನ ಮುದಿ ಕ್ಯಾಪ್ಟನ್ ಒಬ್ಬನಿಗೆ ಕಣ್ಣು ಹೋಗುತ್ತಿದೆ, ಅದನ್ನು ಮಗಳಿಂದ ಮುಚ್ಚಿಟ್ಟಿದ್ದಾನೆ. ಮಗಳಿಗೆ ಗೊತ್ತು, ಗೊತ್ತಿರುವುದನ್ನು ಅವಳೂ ಮುಚ್ಚಿಟ್ಟಿದ್ದಾಳೆ. "ದೀಪ ಉರೀತಿದೆಯಾ?" ಎಂದು ಅಪ್ಪ ನಾಟಕದಲ್ಲಿ ಮೂರು ಸಲ ಕೇಳುತ್ತಾನೆ. ಮೂರು ಸಲವೂ ದೀಪ ಆರಿರುತ್ತದೆ. ಎರಡು ಸಲ ಮಗಳು ಉರೀತಿದೆ ಎಂದು ಸುಳ್ಳು ಹೇಳುತ್ತಾಳೆ. ಮೂರನೆಯ ಉತ್ತರ ನಾಟಕದ ಕೊನೆಯ ಮಾತು, ಅದನ್ನು ಇಲ್ಲಿ ಬರೆಯುವುದಿಲ್ಲ. ನಮ್ಮ ಕಸುಬಿನಲ್ಲಿ ಕೊನೆಯ ಮಾತನ್ನು ತಾಲೀಮಿನಲ್ಲಿ ಆಡುವುದಿಲ್ಲ. ಆಡಿದರೆ ನಾಟಕಕ್ಕೆ ಕೇಡು. ಬರೆದರೂ ಕೇಡೇ ಇರಬಹುದು, ಯಾಕೆ ಹುತ್ತಕ್ಕೆ ಕೈ ಹಾಕಬೇಕು?

ಅಪ್ಪನ ಪಾತ್ರ ಆಬ್ರೀ ಕೋಟ್ಸ್ ಅವರದು. ಎಪ್ಪತ್ತೆರಡು ವರ್ಷ. ನಾನು ಪಾಠಶಾಲೆಯಲ್ಲಿದ್ದಾಗ ಅವರ ಫೋಟೋ ಕತ್ತರಿಸಿ ಬೈಬಲ್ಲಿನೊಳಗೆ ಇಟ್ಟುಕೊಂಡಿದ್ದೆ. ಕೈ ಕುಲುಕಿ, "ಬಾ ಮಗಳೇ" ಎಂದರು. ಆಗಿನಿಂದ ಮಗಳೇ ಎಂದೇ ಕರೆಯುತ್ತಿದ್ದಾರೆ.

ನವೆಂಬರ್ 7. ಬುಧವಾರ

ಅಕ್ಟೋಬರಿನಲ್ಲಿ ಆದದ್ದನ್ನು ಒಂದು ಸಲ ಬರೆದುಬಿಡುತ್ತೇನೆ.

ಕಡಲ ದಂಡೆಯ ಒಂದು ಊರು, ಮಂಗಳವಾರದ ಆಟ, ಎರಡನೇ ಅಂಕ. ಬಾಯಿ ತೆರೆದೆ, ಮಾತು ಬರಲಿಲ್ಲ. ಪಕ್ಕದಿಂದ ಹೇಳಿಕೊಟ್ಟರು. ಮೂರು ಸಲ ಹೇಳಿಕೊಟ್ಟರು. ಕೇಳಿಸಿತು, ಆದರೆ ಯಾವುದೋ ಗೊತ್ತಿಲ್ಲದ ಭಾಷೆಯ ಹಾಗೆ ಕೇಳಿಸಿತು. ಒಂದೂವರೆ ನಿಮಿಷ ಹಾಗೇ ನಿಂತಿದ್ದೆನಂತೆ. ಕೊನೆಗೆ ಪರದೆ ಇಳಿಸಿದರು. ಫ್ಲೂ ಬಂದಿತ್ತು ಎಂದು ಎಲ್ಲರಿಗೂ ಹೇಳಿದೆ, ಎರಡು ವಾರ ಮಲಗಿಯೂ ತೋರಿಸಿದೆ.

ಟೆಲಿವಿಷನ್ನಿನಲ್ಲಿ ಇಳಿಸಲು ಪರದೆಯೂ ಇಲ್ಲ. ನೇರ ಪ್ರಸಾರ. ಭಾನುವಾರ ಒಂದು ಸಲ, ಗುರುವಾರ ಮತ್ತೆ ಮೊದಲಿನಿಂದ ಕೊನೆಯವರೆಗೆ. ತಪ್ಪಿದರೆ ತಿದ್ದುವಂತಿಲ್ಲ. ಐವತ್ತು ಲಕ್ಷ ಜನ ಅವರವರ ಮನೆಯಲ್ಲಿ ಟೀ ಕುಡಿಯುತ್ತಾ ನಾನು ಮೂಕಿಯಾಗುವುದನ್ನು ನೋಡುತ್ತಾರೆ. ಆಮೇಲೆ ನನ್ನನ್ನು ಹೆಣದ ಪಾತ್ರಕ್ಕೂ ಕರೆಯುವುದಿಲ್ಲ.

ನವೆಂಬರ್ 9. ಶುಕ್ರವಾರ

ಕೊನೆಯ ಮಾತಿನ ಮೇಲೆ ಜಗಳ. ಕೊನೆಯ ದೃಶ್ಯದಲ್ಲಿ ಆಬ್ರೀ "ದೀಪ ಉರೀತಿದೆಯಾ?" ಎಂದರು. ನಾನು ಅಭ್ಯಾಸದಂತೆ ಉತ್ತರದ ಬದಲು "ತದರಿನ ತಾನ" ಎಂದು ಬಾಯಿ ಮುಚ್ಚಿಕೊಂಡೆ.

ನೈಜೆಲ್ ಸ್ಟಾಪ್‌ವಾಚು ನಿಲ್ಲಿಸಿದ. "ಏನದು?"

"ಕೊನೇ ಮಾತು. ಭಾನುವಾರ ಹೇಳ್ತೀನಿ."

"ನೀವು ಆ ಮಾತು ಆಡಿದ ಕ್ಷಣ ಸ್ಟುಡಿಯೋದ ಮೇಲಿನ ಕೋಣೇಲಿ ಕೂತಿರೋ ಹುಡುಗಿ ಚಿತ್ರ ಬದಲಾಯಿಸ್ಬೇಕು. ಹೆಸರುಗಳು ಬರಬೇಕು, ಸಂಗೀತ ಬರಬೇಕು. ತದರಿನ ತಾನಕ್ಕೆ ಅವಳು ಏನು ಒತ್ತಬೇಕು? ಇದು ಟೆಲಿವಿಷನ್, ಮಿಸ್ ಪ್ರೋಬರ್ಟ್. ಮಾಟಗಾತಿಯರ ಸಂತೆ ಅಲ್ಲ."

ಆಗ ಆಬ್ರೀ ಕುರ್ಚಿಯಿಂದಲೇ ಮಾತಾಡಿದರು. "ನೈಜೆಲ್, ಕೊನೇ ಮಾತು ನೋಡೋಕೆ ಬರೋ ಜನರ ಸ್ವತ್ತು ಕಣಪ್ಪ. ಅವರು ಬರೋ ಮುಂಚೆ ನಾವು ಅದನ್ನ ಮುಟ್ಟಿದ್ರೆ ಕದ್ದ ಹಾಗೆ. ಐವತ್ತು ವರ್ಷದಿಂದ ನಾನು ಕದ್ದಿಲ್ಲ. ನಿನ್ನ ಹುಡುಗಿಗೆ ಹೇಳು, ಮಾತು ಬಂದಾಗ ಅವಳಿಗೇ ಗೊತ್ತಾಗತ್ತೆ."

ನೈಜೆಲ್ ಗೊಣಗಿಕೊಂಡು ಬಿಟ್ಟುಬಿಟ್ಟ. ನನಗೆ ಅಳುವೇ ಬಂತು.

ಮಿಸ್ ಟ್ಯಾಪ್ಲಿಯ ಬಗ್ಗೆ ಬರೆಯಲು ಮರೆತೆ. ನಾಟಕದ ಪ್ರತಿ ಹಿಡಿದು ಮಾತು ಹೇಳಿಕೊಡುವವಳು. ಐವತ್ತು ದಾಟಿದೆ, ಸದಾ ಬೂದು ಬಣ್ಣದ ಏನನ್ನೋ ಹೆಣೆಯುತ್ತಿರುತ್ತಾಳೆ. ಸ್ಟುಡಿಯೋದಲ್ಲಿ ಅವಳ ಕೈಯಲ್ಲೊಂದು ಗುಂಡಿ ಇರುತ್ತದೆ. ಯಾರಾದರೂ ಮಾತು ಮರೆತರೆ ಅದನ್ನು ಒತ್ತುತ್ತಾಳೆ. ಒತ್ತಿ ಹಿಡಿದಷ್ಟು ಹೊತ್ತು ಜನರಿಗೆ ಚಿತ್ರ ಮಾತ್ರ ಕಾಣುತ್ತದೆ, ಸದ್ದು ಹೊರಗೆ ಹೋಗುವುದಿಲ್ಲ. ಆ ಸಂದಿನಲ್ಲಿ ಮಾತನ್ನು ಜೋರಾಗಿ ಹೇಳಿಕೊಡುತ್ತಾಳೆ.

"ನಾನು ಒತ್ತಿದ್ರೆ ಇಡೀ ದೇಶಕ್ಕೇ ಕಿವುಡು," ಎಂದಳು ಹೆಣಿಗೆಯಿಂದ ತಲೆಯೆತ್ತದೆ. "ಜನ ಎದ್ದು ಪೆಟ್ಟಿಗೆಗೆ ಬಾರಿಸ್ತಾರೆ. ಎಂಟು ವರ್ಷದಲ್ಲಿ ಆರು ಸಲ ಒತ್ತಿದ್ದೀನಿ. ಆರು ಜನರ ಹೆಸರೂ ನೆನಪಿದೆ."

ಏಳನೆಯ ಹೆಸರು ಯಾರದೆಂದು ನನಗೆ ಗೊತ್ತು.

ನವೆಂಬರ್ 13. ಮಂಗಳವಾರ

ಕಪ್ಪು-ಬಸಿಯ ತಂಟೆ ಶುರುವಾಗಿದೆ. ಒಂದನೇ ಅಂಕದಲ್ಲಿ ನಾನು ಅಪ್ಪನಿಗೆ ಟೀ ತಂದುಕೊಡಬೇಕು. ಕೈ ನಡುಗಿ ಬಸಿಯ ಮೇಲೆ ಕಪ್ಪು ಕಟಕಟ ಎನ್ನುತ್ತದೆ. "ಮೈಕು ಇದನ್ನೇ ಎತ್ತಿಕೊಳ್ಳತ್ತೆ, ರೈಲು ಬಂದ ಹಾಗಿದೆ," ಎಂದ ನೈಜೆಲ್. ಸಾಮಾನು ನೋಡಿಕೊಳ್ಳುವವಳು ಬಸಿಯೊಳಗೆ ಉಣ್ಣೆ ಬಟ್ಟೆಯ ತುಂಡೊಂದನ್ನು ಇಟ್ಟುಕೊಟ್ಟಳು. ಸದ್ದು ನಿಂತಿತು, ನಡುಕ ನಿಲ್ಲಲಿಲ್ಲ. ರೂಮಿನಲ್ಲೂ ಈಗ ಬಸಿಯಿಲ್ಲದೆ ಕುಡಿಯುತ್ತೇನೆ. ಮನೆಯೊಡತಿ ಮಿಸೆಸ್ ಸ್ಕಲ್ಲಿ ನೋಡಿ, "ಬಸಿ ಏನು ಪಾಪ ಮಾಡಿತ್ತಮ್ಮಾ?" ಎಂದಳು.

ಒಂದೇ ಕನಸು ಎರಡು ಸಲ ಬಿತ್ತು. ಅಪ್ಪ ಮೊದಲ ಸಲ ದೀಪ ಉರೀತಿದೆಯಾ ಎನ್ನುತ್ತಾನೆ, ನಾನು ಕೊನೆಯ ಮಾತು ಹೇಳಿಬಿಡುತ್ತೇನೆ. ಹತ್ತನೇ ನಿಮಿಷಕ್ಕೆ ನಾಟಕ ಮುಗಿದು ಹೆಸರುಗಳು ಬರುತ್ತವೆ. ನನ್ನ ಹೆಸರು ಮಾತ್ರ ಇರುವುದಿಲ್ಲ.

ನವೆಂಬರ್ 15. ಗುರುವಾರ

ಆಬ್ರೀ ಎದ್ದು ಹೋದಾಗ ಅವರ ಪ್ರತಿ ಕುರ್ಚಿಯ ಮೇಲೆ ತೆರೆದಿತ್ತು. ಕಣ್ಣು ಹಾಯಿಸಿದೆ. ನಾವೆಲ್ಲ ನಮ್ಮ ನಮ್ಮ ಮಾತಿನ ಕೆಳಗೆ ಗೆರೆ ಎಳೆದುಕೊಳ್ಳುತ್ತೇವೆ. ಅವರ ಮಾತಿನ ಕೆಳಗೆ ನೀಲಿ ಗೆರೆಗಳಿದ್ದವು, ಸರಿ. ಆದರೆ ಅರ್ಧಕ್ಕಿಂತ ಮೇಲೆ ಕೆಂಪು ಗೆರೆಗಳೂ ಇದ್ದವು, ಅವೆಲ್ಲ ನನ್ನ ಮಾತಿನ ಕೆಳಗೆ. ಪುಟದಿಂದ ಪುಟಕ್ಕೆ, ಒಂದನ್ನೂ ಬಿಡದೆ. ತನ್ನ ಪಾತ್ರ ಯಾವುದು, ನನ್ನದು ಯಾವುದು ಎನ್ನುವುದೇ ಅವರಿಗೆ ಕಲಸಿಹೋಗಿದೆ.

ಅವರು ಬರುವಾಗ ನಾನು ಕಿಟಕಿಯಲ್ಲಿ ಮಂಜು ನೋಡುತ್ತಿದ್ದೆ.

ನವೆಂಬರ್ 17. ಶನಿವಾರ

ಅನುಮಾನ ನಿಜವಾಯಿತು. ಮೂಲೆಯ ಟೀ ಅಂಗಡಿಯಲ್ಲಿ ಕೂತು ಇಬ್ಬರೂ ಮಾತು ಒಪ್ಪಿಸಿಕೊಳ್ಳುತ್ತಿದ್ದೆವು. ಮೊದಲನೇ ಅಂಕದ ದೀಪದ ಪ್ರಶ್ನೆ ಕೇಳಿದರು. ನಾನು ಮೊದಲನೇ ಅಂಕದ ಸುಳ್ಳು ಹೇಳಿದೆ: "ಉರೀತಿದೆ ಅಪ್ಪ, ಬತ್ತಿ ಸಣ್ಣಗೆ ಮಾಡಿದ್ದೀನಿ." ಅವರು ನೆಟ್ಟಗೆ ಎರಡನೇ ಅಂಕಕ್ಕೆ ಜಿಗಿದರು. ಪ್ರಶ್ನೆ ಒಂದೇ ಅಲ್ಲವೇ, ಒಂದೇ ಬಾಗಿಲಿನ ಮೂರು ಮನೆಯ ಹಾಗೆ. ಹತ್ತೊಂಬತ್ತು ಪುಟ ಹಾರಿಹೋಯಿತು. ಅವರು ಮಾತ್ರ ನಿರಾಳವಾಗಿ ಆಡುತ್ತಲೇ ಇದ್ದರು, ಎಷ್ಟು ಚೆನ್ನಾಗಿ ಆಡುತ್ತಿದ್ದರೆಂದರೆ ಪಕ್ಕದ ಮೇಜಿನ ಹೆಂಗಸು ಬನ್ನು ಕೆಳಗಿಟ್ಟು ಕೇಳಿದಳು.

"ಆಬ್ರೀ," ಎಂದೆ. "ನಾವು ಇನ್ನೂ ಅಲ್ಲಿಗೆ ಬಂದಿಲ್ಲ."

ಅವರು ಮಾತು ನಿಲ್ಲಿಸಿದರು. ಮುಖದಲ್ಲಿ ಆಗ ಬಂದದ್ದನ್ನು ನಾನು ಯಾವತ್ತೂ ಮರೆಯಲಾರೆ. ಅಂಗಡಿಯಲ್ಲಿ ಅಮ್ಮನ ಕೈ ತಪ್ಪಿದ ಕೂಸಿನ ಮುಖ.

"ವಸಂತದಿಂದ ಹೀಗಾಗ್ತಿದೆ," ಎಂದರು. "ಹಳೇದೆಲ್ಲ ಗಟ್ಟಿಯಾಗಿದೆ. ಹೊಸದು ನಿಲ್ಲಲ್ಲ. ನೈಜೆಲ್‌ಗೆ ಹೇಳಬೇಡ ಮಗಳೇ. ಇದೊಂದು ದಾಟಿಬಿಡ್ತೀನಿ."

"ಭಾನುವಾರ ಹೀಗೇ ಆದ್ರೆ?"

"ನೀನಿರ್ತೀಯಲ್ಲ."

ನಾನಿರುತ್ತೇನಂತೆ! ಕುರುಡನಿಗೆ ಕುಂಟಿಯ ಆಸರೆ. ಹೇಳುವುದಿಲ್ಲ ಎಂದು ಮಾತು ಕೊಟ್ಟು ಬಂದಿದ್ದೇನೆ.

ನವೆಂಬರ್ 19. ಸೋಮವಾರ

ಅವರ ಮಾತನ್ನು ಬಾಯಿಪಾಠ ಮಾಡುತ್ತಿದ್ದೇನೆ. ಬೇರೆ ದಾರಿ ಕಾಣಲಿಲ್ಲ. ಅವರು ಎಲ್ಲಿ ಎಡವಬಹುದು ಎಂದು ಊಹಿಸಿ, ಅವರ ಮಾತನ್ನೇ ನನ್ನ ಪ್ರಶ್ನೆಯಾಗಿ ತಿರುಗಿಸಿ ಕೇಳುವುದನ್ನು ಕನ್ನಡಿಯ ಮುಂದೆ ಅಭ್ಯಾಸ ಮಾಡಿದೆ. "ಆ ಬಿರುಗಾಳಿಯ ರಾತ್ರಿ ನೆನಪಾಯ್ತಾ ಅಪ್ಪ?" ಎಂದರೆ ಬಿರುಗಾಳಿಯ ಮಾತು ಬರಬಹುದು. ಮಿಸೆಸ್ ಸ್ಕಲ್ಲಿ ಬಾಗಿಲ ಹೊರಗಿನಿಂದ, "ಒಳಗೆ ಗಂಡಸರಿದ್ದಾರಾ ಡಿಲಿಸ್? ಗಂಡು ದನಿ ಕೇಳಿಸ್ತಪ್ಪ," ಎಂದಳು. ಬಾಗಿಲು ತೆರೆದು ತೋರಿಸಬೇಕಾಯಿತು. ಪಾಪ, ನಿರಾಸೆಯಾಯಿತು ಅವಳಿಗೆ.

ಆದರೆ ಇದೆಲ್ಲ ಹುಚ್ಚುತನ. ನನ್ನ ಮಾತೇ ನನಗೆ ನಿಲ್ಲುತ್ತದೋ ಇಲ್ಲವೋ ಗೊತ್ತಿಲ್ಲ, ಇನ್ನೊಬ್ಬರದನ್ನು ಹೊರುವುದೇ? ನಾಳೆ ನೈಜೆಲ್‌ಗೆ ಹೇಳಿಬಿಡುತ್ತೇನೆ. ಕೊಟ್ಟ ಮಾತು ಮುರಿಯುತ್ತೇನೆ. ಇದು ನನ್ನ ಬದುಕಿನ ಪ್ರಶ್ನೆ. ಆಬ್ರೀ ತಮ್ಮದನ್ನು ಬದುಕಿ ಆಗಿದೆ.

ಈ ಕೊನೆಯ ವಾಕ್ಯ ಓದಿಕೊಂಡೆ. ಹೊಡೆದುಹಾಕಬೇಕೆನಿಸಿತು. ಹಾಕುವುದಿಲ್ಲ, ಇರಲಿ.

ನವೆಂಬರ್ 20. ಮಂಗಳವಾರ

ಹೋದೆ. ನೈಜೆಲ್ ಸ್ಯಾಂಡ್‌ವಿಚ್ ತಿನ್ನುತ್ತಿದ್ದ. ನಾನು ಬಾಯಿ ತೆರೆಯುವುದರೊಳಗೆ ಅವನೇ, "ಕೂತ್ಕೊಳಿ. ಅಕ್ಟೋಬರ್ ವಿಷ್ಯ ತಾನೇ?" ಎಂದ.

ಕುಂಬಳಕಾಯಿ ಕಳ್ಳನ ಹಾಗೆ ಹೆಗಲು ಮುಟ್ಟಿಕೊಳ್ಳುವುದೊಂದು ಬಾಕಿ. "ಯಾವ ಅಕ್ಟೋಬರ್?" ಎಂದೆ.

"ನನಗೆ ಮೊದಲ ದಿನವೇ ಗೊತ್ತಾಯ್ತು. ಅಲ್ಲಿ ನಿಮ್ಮ ಜೊತೆ ಇದ್ದೋರು ಯಾರೋ ಫೋನ್ ಮಾಡಿದ್ರು. ನಿಜ ಹೇಳ್ತೀನಿ, ನಿಮ್ಮನ್ನ ಬದಲಾಯಿಸೋದು ಅಂತ ತೀರ್ಮಾನ ಮಾಡಿದ್ದೆ. ಆಬ್ರೀ ಬಿಡ್ಲಿಲ್ಲ. ಅವಳು ಹೋದ್ರೆ ನಾನೂ ಕೋಟು ಹಾಕ್ಕೋತೀನಿ ಅಂದ್ರು. ಅವರ ಹೆಸರಿಲ್ದೆ ಈ ನಾಟಕವೇ ಇಲ್ಲ. ಅದಕ್ಕೇ ಇದ್ದೀರಿ." ಬಾಯಿ ಒರೆಸಿಕೊಂಡ. "ಈಗ ಹೇಗಿದ್ದೀರಿ? ನಿಜ ಹೇಳಿ."

"ಚೆನ್ನಾಗಿದ್ದೀನಿ," ಎಂದೆ.

"ಮತ್ತೆ ಏನು ಹೇಳೋಕೆ ಬಂದ್ರಿ?"

"ಬಸಿಗೆ ಬಟ್ಟೆ ಸಾಕಾಗ್ತಿಲ್ಲ. ಇನ್ನೂ ದಪ್ಪ ಬೇಕು."

ಹೊರಗೆ ಬಂದು ಚರ್ಚಿನ ಮೆಟ್ಟಿಲ ಮೇಲೆ ಕೂತೆ. ಆಬ್ರೀಗೆ ಗೊತ್ತಿತ್ತು. ಮೊದಲ ದಿನದಿಂದ ಗೊತ್ತಿತ್ತು, ಒಂದು ದಿನವೂ ತೋರಿಸಿಕೊಳ್ಳಲಿಲ್ಲ. ಅವರನ್ನು ಹಿಡಿದುಕೊಡಲು ಹೋದವಳು ನಾನು.

ನವೆಂಬರ್ 23. ಶುಕ್ರವಾರ

ಬರೆಯಲು ಏನೂ ಇಲ್ಲ. ಹೆದರಿಕೆ, ಹೆದರಿಕೆ, ಹೆದರಿಕೆ.

ನವೆಂಬರ್ 25. ಭಾನುವಾರ, ಬೆಳಿಗ್ಗೆ

ನಾಲ್ಕಕ್ಕೇ ಎಚ್ಚರವಾಯಿತು. ಚಹಾ ಸಹ ಒಳಗೆ ನಿಲ್ಲುತ್ತಿಲ್ಲ. ಮಿಸೆಸ್ ಸ್ಕಲ್ಲಿ ನೆರೆಯವರನ್ನೆಲ್ಲ ಪೆಟ್ಟಿಗೆಯ ಮುಂದೆ ಕೂರಿಸಲು ಊಟದ ಮನೆಯ ಕುರ್ಚಿಗಳನ್ನು ಸಾಗಿಸುತ್ತಿದ್ದಾಳೆ. ಹನ್ನೊಂದು ಕುರ್ಚಿ. ಒಂದು ಬಸ್ಸು ಹತ್ತಿ ತವರೂರು ಸೇರಿಬಿಟ್ಟರೆ? ವೇಲ್ಸಿಗೆ ಭಾನುವಾರವೂ ಬಸ್ಸಿದೆ, ವಿಚಾರಿಸಿಟ್ಟುಕೊಂಡಿದ್ದೇನೆ.

ನವೆಂಬರ್ 26. ಸೋಮವಾರ

ಆದದ್ದನ್ನು ಆದಂತೆಯೇ ಬರೆಯುತ್ತೇನೆ.

ಒಂದನೇ ಅಂಕ ಸಲೀಸಾಗಿ ಹೋಯಿತು. ಆಬ್ರೀ ಒಂದಕ್ಷರ ತಪ್ಪಲಿಲ್ಲ. ನಾನು ಅವರ ತುಟಿಯನ್ನೇ ನೋಡುತ್ತಿದ್ದೆ, ಅವರು ಎಡವಿದರೆ ಹಿಡಿಯಲು ಸಿದ್ಧಳಾಗಿ. ಎರಡನೇ ಅಂಕ ಬಂತು. ಅವರು ದೀಪದ ಕಡೆ ಕೈಚಾಚಿ, "ದೀಪ ಉರೀತಿದೆಯಾ?" ಎಂದರು.

ನನ್ನ ತಲೆ ಖಾಲಿಯಾಯಿತು.

ಖಾಲಿಯೂ ಅಲ್ಲ. ಅಲ್ಲಿ ಒಂದೇ ಮಾತಿತ್ತು, ಕೊನೆಯ ಮಾತು. ಮೂರು ವಾರ ಆಡದೆ, ಬರೆಯದೆ ಅದುಮಿಟ್ಟಿದ್ದಕ್ಕೋ ಏನೋ, ಉಬ್ಬಿ ಉಬ್ಬಿ ಬೇರೆಲ್ಲ ಮಾತನ್ನೂ ಹೊರಗೆ ತಳ್ಳಿತ್ತು. ತುದಿನಾಲಿಗೆಗೆ ಬಂದು ನಿಂತಿತ್ತು. ಅದನ್ನು ಆಡಿದರೆ ಮೇಲೆ ಕೂತ ಹುಡುಗಿ ಹೆಸರು ಹಾಕುತ್ತಾಳೆ, ಇನ್ನೂ ಅರ್ಧ ಗಂಟೆ ಇರುವಾಗಲೇ ನಾಟಕ ಮುಗಿಯುತ್ತದೆ. ಹಲ್ಲು ಕಚ್ಚಿದೆ. ಕ್ಯಾಮೆರಾದ ಕೆಂಪು ದೀಪ ಉರಿಯುತ್ತಿತ್ತು. ಕಡಲ ದಂಡೆಯ ಆ ಊರಿನ ಮೌನ ಮತ್ತೆ ಕಿವಿಗೆ ನುಗ್ಗಿತು. ಕಣ್ಣಂಚಿನಲ್ಲಿ ಮಿಸ್ ಟ್ಯಾಪ್ಲಿ ಹೆಣಿಗೆ ಕೆಳಗಿಟ್ಟಳು.

ಆಗ ಆಬ್ರೀ ನಕ್ಕರು, ಕ್ಯಾಪ್ಟನ್ನಿನ ನಗು. "ಹೇಳ್ಬೇಡಮ್ಮ, ನನಗೆ ಗೊತ್ತು. ಉರೀತಿದೆ ಅಪ್ಪ, ಎಣ್ಣೆ ಈಗಷ್ಟೇ ಹಾಕಿದೆ ಅಂತೀಯ. ಅಂಗಡಿಯವನು ಕಲಬೆರಕೆ ಎಣ್ಣೆ ಕೊಟ್ಟಿದ್ದಾನೆ ಅಂತಾನೂ ಅಂತೀಯ. ನಿನ್ನಮ್ಮನೂ ಹಾಗೇ ಅಂತಿದ್ಲು."

ಎಲ್ಲವೂ ನನ್ನ ಮಾತು. ಅಕ್ಷರ ಬಿಡದೆ ನನ್ನ ಮಾತು. ದಾರದ ತುದಿ ಕೈಗೆ ಸಿಕ್ಕಿತು, ಮುಂದಿನದು ತಾನಾಗಿ ಬಂತು. ಕೊನೆಯ ಮಾತನ್ನು ಕೊನೆಗೇ ಹೇಳಿದೆ. ಮೇಲಿನ ಹುಡುಗಿಗೆ ಗೊತ್ತಾಯಿತು.

ಆ ಕೆಂಪು ಗೆರೆಗಳು ಗಲಿಬಿಲಿಯ ಗೆರೆಗಳಲ್ಲ. ನನ್ನ ಅಕ್ಟೋಬರಿನ ಕಥೆ ಕೇಳಿದ ದಿನವೇ ಎಳೆದವು. ತನ್ನ ಮಾತೇ ನಿಲ್ಲದ ತಲೆಯಲ್ಲಿ ನನ್ನ ಮಾತಿಗೂ ಜಾಗ ಮಾಡಿದ್ದಾರೆ. ಬಣ್ಣ ತೆಗೆಯುವಾಗ, "ಯಾಕೆ ಕಲಿತ್ರಿ ಆಬ್ರೀ?" ಎಂದು ಕೇಳಿದೆ.

"ನೀನು ನನ್ನ ಮಾತು ಕಲೀಲಿಲ್ವಾ?" ಎಂದರು ಕನ್ನಡಿಯಲ್ಲೇ ನೋಡುತ್ತಾ. "ನಾನು ಉಸಿರು ತಗೊಂಡ್ರೆ ಸಾಕು, ನಿನ್ನ ತುಟಿ ಅಲ್ಲಾಡತ್ತೆ."

ಕೊನೆಯ ಮಾತನ್ನು ಈಗಲೂ ಬರೆಯುವುದಿಲ್ಲ. ಗುರುವಾರದ ಆಟ ಇನ್ನೂ ಇದೆ.

ನವೆಂಬರ್ 28. ಬುಧವಾರ

ಮಿಸ್ ಟ್ಯಾಪ್ಲಿಯ ಜೊತೆ ಮಧ್ಯಾಹ್ನದ ಊಟ. "ಭಾನುವಾರ ಇಷ್ಟರಲ್ಲಿ ತಪ್ಪಿಸಿಕೊಂಡೆ," ಎಂದು ಬೆರಳ ಸಂದಿ ತೋರಿಸಿದಳು. "ನಿನ್ನ ಹೆಸರು ಆಗಲೇ ಮನಸ್ಸಿನಲ್ಲಿ ಬರೆದುಕೊಂಡಿದ್ದೆ."

ಅವಳು ಇನ್ನೊಂದು ಮಾತು ಹೇಳಿದಳು. ಆಬ್ರೀ ನಿನ್ನೆ ಅವಳನ್ನು ನಿಲ್ಲಿಸಿ, ಮಗಳ ಪಾತ್ರದವಳ ಹೆಸರೇನು ಎಂದು ಕೇಳಿದರಂತೆ. ಹಾಗಾದರೆ ಈ "ಮಗಳೇ" ಅಕ್ಕರೆಯದ್ದೋ, ಹೆಸರು ನಿಲ್ಲದೆ ಹೂಡಿದ ಉಪಾಯವೋ? ಎರಡೂ ಇರಬಹುದು. ನಾಳೆ ಅವರಿಗೆ ಏನಾಗುತ್ತದೋ ಎಂದು ಜೀವ ಹಿಡಿಯಾಗಿದೆ. ಭಾನುವಾರ ಅವರ ಶಕ್ತಿಯೆಲ್ಲ ನನಗೇ ಖರ್ಚಾಯಿತು.

ನವೆಂಬರ್ 30. ಶುಕ್ರವಾರ

ನಿನ್ನೆ ಅವರು ಬಣ್ಣದ ಮನೆಯಲ್ಲೇ ಕ್ಯಾಪ್ಟನ್ ಕೋಟನ್ನು ತಿರುಗುಮುರುಗು ಹಾಕಿಕೊಂಡಿದ್ದರು. ನಾನೇ ಬಿಚ್ಚಿ ಸರಿಯಾಗಿ ತೊಡಿಸಿದೆ. ಅವರ ಕೈ ಹಿಮದಂತಿತ್ತು.

ಒಂದನೇ ಅಂಕದಲ್ಲಿ ಎರಡು ಕಡೆ ಮಾತು ಬಿಟ್ಟರು. ಬಿರುಗಾಳಿಯ ರಾತ್ರಿ ನೆನಪಾಯಿತೇ ಎಂದೆ, ಬಿರುಗಾಳಿ ಬಂತು. ಎರಡನೇ ಅಂಕದಲ್ಲಿ ಮೂರನೆಯದಕ್ಕೆ ಜಿಗಿಯಲು ಹೊರಟರು, ಕೈ ಹಿಡಿದು ಕೂರಿಸಿ, "ಮೊದಲು ಟೀ ಕುಡೀರಿ ಅಪ್ಪ," ಎಂದು ಹಿಂದಕ್ಕೆ ಕರೆತಂದೆ. ನಾಟಕದಲ್ಲಿಲ್ಲದ ಟೀ ಅದು. ಸಾಮಾನು ನೋಡಿಕೊಳ್ಳುವವಳು ಗಾಬರಿಯಲ್ಲಿ ಒಂದನೇ ಅಂಕದ ಕಪ್ಪನ್ನೇ ತಳ್ಳಿದಳು, ಬಸಿಗೆ ಬಟ್ಟೆ ಇಡಲು ಮರೆತಿದ್ದಳಂತೆ. ಆಮೇಲೆ ಬಂದು ಕ್ಷಮೆ ಕೇಳಿದಳು. ಹೌದಾ, ನಾನು ಗಮನಿಸಲೇ ಇಲ್ಲ ಎಂದೆ.

ಕೊನೆಯ ದೃಶ್ಯಕ್ಕೆ ಬಂದೆವು. ಆರಿದ ದೀಪದ ಪಕ್ಕ ಅವರು ಕೂತಿದ್ದಾರೆ, ನಾನು ಕಿಟಕಿಯ ಬಳಿ ನಿಂತಿದ್ದೇನೆ. ಅವರು ಪ್ರಶ್ನೆ ಕೇಳಬೇಕು. ಕೇಳಲಿಲ್ಲ. ತಮ್ಮ ಅಂಗೈಗಳನ್ನೇ ನೋಡುತ್ತಿದ್ದರು. ಮಿಸ್ ಟ್ಯಾಪ್ಲಿ ಗುಂಡಿ ಒತ್ತಿ, "ದೀಪ ಉರೀತಿದೆಯಾ!" ಎಂದಳು. ಮತ್ತೊಮ್ಮೆ ಎಂದಳು. ಅವರು ಯಾರೋ ಬಾಗಿಲು ತಟ್ಟಿದಂತೆ ಆ ಕಡೆ ನೋಡಿ, ನನ್ನತ್ತ ತಿರುಗಿದರು.

"ಶುರು ಎಷ್ಟು ಹೊತ್ತಿಗೆ ಮಗಳೇ? ನನ್ನನ್ನ ಯಾರೂ ಕರೀಲೇ ಇಲ್ಲ."

ಮಿಸ್ ಟ್ಯಾಪ್ಲಿ ಗುಂಡಿಯಿಂದ ಬೆರಳು ತೆಗೆಯಲಿಲ್ಲ. ಎರಡು ಕಣ್ಣಿಂದಲೂ ನೀರು ಸುರಿಯುತ್ತಿತ್ತು, ಬೆರಳು ಮಾತ್ರ ಕಬ್ಬಿಣದ ಹಾಗೆ ನಿಂತಿತ್ತು. ಹಾಗಾಗಿ ದೇಶಕ್ಕೆ ಏನೂ ಕೇಳಿಸಲಿಲ್ಲ. ನಾನು ಹೋಗಿ ಮೊಣಕಾಲೂರಿ ಅವರ ಕೈ ಹಿಡಿದುಕೊಂಡೆ.

"ಕರೀತಾರೆ ಅಪ್ಪ. ಇನ್ನೂ ಸಮಯ ಇದೆ. ಕರೆದಾಗ ನಾನೇ ಕರ್ಕೊಂಡು ಹೋಗ್ತೀನಿ."

"ಹೋಗಿಬಿಡಬೇಡ."

"ಎಲ್ಲೂ ಹೋಗಲ್ಲ."

ಅವರು ತಲೆಯನ್ನು ನನ್ನ ಭುಜಕ್ಕೆ ಆನಿಸಿದರು. ಕೊನೆಗೆ ಮೇಲಿನ ಹುಡುಗಿ ಚಿತ್ರವನ್ನು ಕತ್ತಲು ಮಾಡಿದಳು. ಇಪ್ಪತ್ತೆರಡು ಸೆಕೆಂಡು ಮೌನವಂತೆ, ಸ್ಟಾಪ್‌ವಾಚು ಹೇಳಿತು.

ನೈಜೆಲ್ ಮೆಟ್ಟಿಲು ಹಾರಿ ಇಳಿದು ಬಂದ. "ಅವರ ಪ್ರಶ್ನೆ ನಿಮಗೆ ಬಾಯಿಪಾಠ ಬರ್ತಿತ್ತಲ್ಲ! ನೀವೇ ಕೇಳಿ ನೀವೇ ಉತ್ತರ ಹೇಳಿ ಮುಗಿಸ್ಬಹುದಿತ್ತಲ್ಲ! ಕೊನೇ ಮಾತೇ ಇಲ್ದೆ ನಾಟಕ ಮುಗೀತು!"

"ಆ ಪ್ರಶ್ನೆ ಅವರದು," ಎಂದೆ. "ಮುಗಿದಿಲ್ಲ ಅಂದ್ಕೊಳ್ಳಿ. ಈಗ ದಾರಿ ಬಿಡಿ, ಅವರಿಗೆ ಕೋಟು ಬೇಕು."

ಅವನು ದಾರಿ ಬಿಟ್ಟ. ಈಗ ಯೋಚಿಸಿದರೆ ನಿರ್ದೇಶಕನಿಗೆ ಹಾಗೆ ಹೇಳಿದ್ದಕ್ಕೆ ನಾಚಿಕೆಯಾಗುತ್ತದೆ.

ಡಿಸೆಂಬರ್ 6. ಗುರುವಾರ

ನೋಡುಗರಿಂದ ನೂರಾರು ಕಾಗದ ಬಂದಿವೆಯಂತೆ. ಅರ್ಧ ಜನ ಕೊನೆಯಲ್ಲಿ ಪೆಟ್ಟಿಗೆ ಕೆಟ್ಟಿತು ಎಂದು ಬೈದಿದ್ದಾರೆ. ಮಿಸೆಸ್ ಸ್ಕಲ್ಲಿ ನಾಲ್ಕು ಬಾರಿಸಿದಳಂತೆ, ಈಗ ಅದರ ಒಂದು ಗುಬುಟು ತಿರುಗುವುದಿಲ್ಲ. ಉಳಿದರ್ಧ ಜನ, ಮಾತೇ ಇಲ್ಲದೆ ಮುಗಿಸಿದ್ದಕ್ಕೆ ಕೈ ಮುಗಿದಿದ್ದಾರೆ. ನೈಜೆಲ್ ಈಗ ಅದು ತನ್ನದೇ ಯೋಚನೆ ಎಂದು ಹೇಳಿಕೊಂಡು ತಿರುಗುತ್ತಿದ್ದಾನೆ. ತಿರುಗಲಿ, ಆಬ್ರೀಯ ಮಾನ ಉಳಿಯಿತು.

ಅವರನ್ನು ವಯಸ್ಸಾದ ನಟರ ಆಶ್ರಮಕ್ಕೆ ಸೇರಿಸಿದ್ದಾರೆ.

ಸಿನಿಮಾ ಕಂಪನಿಯೊಂದರಿಂದ ಕಾಗದ ಬಂದಿದೆ. ಶಾಲೆಯ ಟೀಚರಮ್ಮನ ಪಾತ್ರ, ಇಡೀ ಚಿತ್ರದಲ್ಲಿದೆ. ಓದಿದ ಕೂಡಲೇ ಮಡಚಿ ಬದಿಗಿಟ್ಟೆ. ಆಬ್ರೀ ಇರಲಿಲ್ಲವೆಂದರೆ ಆ ಭಾನುವಾರವೇ ನನ್ನ ಕಥೆ ಮುಗಿದಿತ್ತು. ಇನ್ನು ಕೆಂಪು ಗೆರೆ ಎಳೆಯುವವರು ಯಾರಿದ್ದಾರೆ? ಆಗುವುದಿಲ್ಲ ಎಂದು ಉತ್ತರ ಬರೆದು, ಲಕೋಟೆ ಅಂಟಿಸಿದ್ದೇನೆ.

ಡಿಸೆಂಬರ್ 16. ಭಾನುವಾರ

ಆಬ್ರೀಯನ್ನು ನೋಡಿಕೊಂಡು ಬಂದೆ. ನಾಳೆಯಿಂದ ಪೆಟ್ರೋಲಿಗೆ ರೇಷನ್, ರೈಲಿನಲ್ಲಿ ಕಾಲಿಡಲು ಜಾಗವಿರಲಿಲ್ಲ. ಲಕೋಟೆ ಇನ್ನೂ ಚೀಲದಲ್ಲೇ ಇತ್ತು. ಹತ್ತು ದಿನದಲ್ಲಿ 'ಅಂಚೆ ಪೆಟ್ಟಿಗೆ ಸಿಗಲಿಲ್ಲ' ಎಂದರೆ ಲಂಡನ್ನಿನಲ್ಲಿ ಯಾರೂ ನಂಬುವುದಿಲ್ಲ.

ಕಿಟಕಿಯ ಬಳಿ ಕಂಬಳಿ ಹೊದ್ದು ಕೂತಿದ್ದರು. "ಬಾ ಮಗಳೇ," ಎಂದರು. ಈಗ ಅದರಲ್ಲಿ ಉಪಾಯವೇನೂ ಇಲ್ಲ, ಬರೀ ಮಗಳೇ. ದಾದಿ ಟೀ ತಂದುಕೊಟ್ಟಳು. ಕಪ್ಪನ್ನು ಬಸಿಯೊಂದಿಗೆ ಮಡಿಲಲ್ಲಿಟ್ಟುಕೊಂಡು ನಾಟಕದ ಬಗ್ಗೆ ಹೇಳಿದೆ. ಎಲ್ಲ ಚೆನ್ನಾಗಿ ಆಯಿತು, ಒಂದು ಮಾತೂ ತಪ್ಪಲಿಲ್ಲ, ಜನ ಕೈ ಮುಗಿದರು ಎಂದೆ. ಅವರು ತಲೆಯಾಡಿಸಿದರು.

"ಮುಂದಿನದು ಯಾವುದು?" ಎಂದು ಕೇಳಿದರು. ನಮ್ಮವರು ಯಾರೇ ಸಿಕ್ಕರೂ ಮೊದಲು ಕೇಳುವುದು ಅದನ್ನೇ.

"ಯಾವುದೂ ಇಲ್ಲ ಆಬ್ರೀ. ಸಿನಿಮಾ ಒಂದು ಬಂದಿತ್ತು, ಬೇಡ ಅಂದೆ. ಹೆದರಿಕೆ."

"ಹೆದರಿಕೆಯಾ? ಒಳ್ಳೇದು. ಹೆದರದೇ ಇರೋರನ್ನ ನೋಡೋಕೆ ಯಾರು ಬರ್ತಾರೆ? ಐವತ್ತು ವರ್ಷ ನಾನು ಪ್ರತಿ ಆಟಕ್ಕೂ ಮುಂಚೆ ಬಕೆಟ್ಟು ಹುಡುಕಿದ್ದೀನಿ." ನಕ್ಕು ನಕ್ಕು ಕೆಮ್ಮಿದರು.

ಹೊರಗೆ ಕತ್ತಲು ಇಳಿಯುತ್ತಿತ್ತು, ನಾಲ್ಕು ಗಂಟೆಯೂ ಆಗಿರಲಿಲ್ಲ. ಅವರು ನನ್ನನ್ನು ಆಗಷ್ಟೇ ಕಂಡವರಂತೆ ತಿರುಗಿದರು.

"ಬಂದ್ಯಾ ಮಗಳೇ? ಮುಂದಿನದು ಯಾವುದು?"

"ಸಿನಿಮಾ," ಎಂದೆ. "ಟೀಚರಮ್ಮ. ಜನವರಿ ಏಳಕ್ಕೆ ಶುರು."

"ಶಭಾಷ್," ಎಂದರು.

ಮುದುಕರ ಮನಸ್ಸಿಗೆ ಸಮಾಧಾನವಾಗಲಿ ಎಂದು ಹೇಳಿದ್ದು. ಆದರೆ ಹೇಳಿಯಾದ ಮೇಲೆ ಆಡಿದ ಮಾತು ತಪ್ಪಬಾರದಲ್ಲ. ಲಕೋಟೆಯನ್ನು ರೈಲಿನಲ್ಲಿ ಹರಿದೆ, ಬೇರೆ ಕಾಗದ ಬರೆಯಬೇಕು. ಅದು ಆಮೇಲಿನ ಮಾತು.

ಕೋಣೆ ಪೂರ್ತಿ ಕತ್ತಲಾಯಿತು. ಅವರ ಮುಖ ಕಾಣುತ್ತಿರಲಿಲ್ಲ, ಕಂಬಳಿಯ ಬಿಳಿ ಅಂಚಷ್ಟೇ ಕಾಣುತ್ತಿತ್ತು. ಹೊರಡೋಣ ಎಂದು ಕಪ್ಪು-ಬಸಿಯನ್ನು ಕಿಟಕಿಯ ಕಟ್ಟೆಯ ಮೇಲಿಟ್ಟೆ. ಆಗ ಅವರ ದನಿ ಬಂತು. ಹಳೆಯ ದನಿ, ಕೊನೆಯ ಬೆಂಚಿನವರೆಗೂ ಮುಟ್ಟುವ ದನಿ. ಆ ಗುರುವಾರ ಎಲ್ಲೋ ಕಳೆದುಹೋಗಿದ್ದದ್ದು ಈಗ ದಾರಿ ಹುಡುಕಿಕೊಂಡು ಬಂದಿತ್ತು.

"ದೀಪ ಉರೀತಿದೆಯಾ?"

ಉರೀತಿದೆ ಎಂದುಬಿಡುವುದು ಸುಲಭವಿತ್ತು. ಒಂದು ಗಂಟೆಯಿಂದ ಅದನ್ನೇ ಮಾಡುತ್ತಿದ್ದೆ. ಅವರು ಕೊನೆಯ ಮಾತಿಗೆ ಕಾಯುತ್ತಿದ್ದರು. ಪಕ್ಕದಿಂದ ಹೇಳಿಕೊಡುವವರು ಯಾರೂ ಇರಲಿಲ್ಲ.

"ಇಲ್ಲ ಅಪ್ಪ," ಎಂದೆ. "ಆರಿ ಬಹಳ ಹೊತ್ತಾಯ್ತು. ತಾಳಿ, ಹಚ್ತೀನಿ."

ಎದ್ದು, ಗೋಡೆ ತಡವಿ, ಸ್ವಿಚ್ಚು ಹುಡುಕಿ ಹಾಕಿದೆ.